ಅತ್ತಿಗೆ ನಗು

“ರೆಕಾರ್ಡ್ ಹಾಕೋ ಈ ಮೆಷಿನ್ ನಗು ಇನ್ನು ಸಾಕು. ಎದುರಿಗೆ ಕೂತವರಲ್ಲಿ ಒಬ್ಬರಾದ್ರೂ ನಿಜವಾಗಿ ನಗಲಿ. ಇಲ್ಲಾಂದ್ರೆ ಮುಂದಿನ ವಾರದಿಂದ ಬೇರೆಯವರು ಬರೀತಾರೆ,” ಎಂದಳು ಧಾರಾವಾಹಿಯ ಹೊಸ ನಿರ್ಮಾಪಕಿ.

“ಅಷ್ಟೇನಾ? ನನ್ನ ಹೆಂಡತೀನ ಕರೆಸ್ತೀನಿ,” ಎಂದ ಹಾಸ್ಯ ಬರಹಗಾರ, ಜಂಬದಿಂದ.

ಜಂಬಕ್ಕೆ ಕಾರಣವಿತ್ತು. ಹನ್ನೆರಡು ವರ್ಷದ ಹಿಂದೆ, ಮೊದಲ ಕಂತಿನ ಶೂಟಿಂಗ್ ನೋಡಲು ಬಂದ ಹೆಂಡತಿ ಬಿದ್ದು ಬಿದ್ದು ನಕ್ಕಿದ್ದಳು. ಸೌಂಡಿನವನು ಅದನ್ನು ರೆಕಾರ್ಡ್ ಮಾಡಿಕೊಂಡು ‘ಅತ್ತಿಗೆ ನಗು’ ಎಂದು ಹೆಸರಿಟ್ಟ. ಅಂದಿನಿಂದ ಜೋಕು ಎಲ್ಲಿ ಸಪ್ಪೆಯಾದರೂ ಅಲ್ಲಿ ಅತ್ತಿಗೆ ನಗು. ಮನೆಯಲ್ಲಿ ಮಾತ್ರ ಆ ಮಹಾತಾಯಿ ಗಂಡನ ಪಕ್ಕ ಕೂತು ಧಾರಾವಾಹಿ ನೋಡುತ್ತ, ಅರ್ಧದಲ್ಲೇ ಎದ್ದು ಅಡುಗೆಮನೆಗೆ ಹೋಗಿಬಿಡುತ್ತಿದ್ದಳು. ಅದೊಂದು ಅವನನ್ನು ಒಳಗೊಳಗೇ ಕೊರೆಯುತ್ತಿತ್ತು.

ಹೆಂಡತಿ ಸ್ಟುಡಿಯೋಗೆ ಬಂದಳು. ಬ್ಯಾಗನ್ನು ತೊಡೆಯ ಮೇಲಿಟ್ಟುಕೊಂಡು ಮುಂದಿನ ಸಾಲಿನಲ್ಲಿ ಕೂತಳು. ನಟರು ಶುರುಮಾಡಿದರು. ಐದು ನಿಮಿಷ, ಹತ್ತು ನಿಮಿಷ, ಊಹೂಂ! ಮಾವನ ಪಾತ್ರದವನು ದೊಪ್ಪನೆ ಜಾರಿಬಿದ್ದ. ಅವಳು ಪಕ್ಕದ ನಿರ್ಮಾಪಕಿಯತ್ತ ಬಾಗಿ, “ಪಾಪ, ಪೆಟ್ಟಾಯ್ತೇನೋ!” ಎಂದಳು. ನಿರ್ಮಾಪಕಿ ಪೆನ್ನಿನ ಮುಚ್ಚಳ ತೆಗೆದಳು.

ಕ್ಯಾಮೆರಾ ಪಕ್ಕ ನಿಂತಿದ್ದ ಬರಹಗಾರ ಆ ಪೆನ್ನನ್ನೇ ನೋಡಿದ. ಕೆಲಸ ಹೋದರೆ ಹೋಗಲಿ, ಕಟ್ಟಿಕೊಂಡವಳೂ ನಗಲಿಲ್ಲ ಅಂದರೆ ಮುಖ ಎಲ್ಲಿಡುವುದು? ಅಷ್ಟರಲ್ಲಿ ಹೆಂಡತಿ ಅವನತ್ತ ತಿರುಗಿದಳು. ಅವಳ ಭುಜ ಕುಲುಕಿತು. ಬ್ಯಾಗು ಕೆಳಗೆ ಬಿತ್ತು. ಆಮೇಲೆ ಹೊರಟಿತು ನೋಡಿ, ಹನ್ನೆರಡು ವರ್ಷ ಹಳೆಯ ಅದೇ ನಗು!

“ನಗು ಅಂದ್ರೆ ಇದು!” ಎನ್ನುತ್ತ ನಿರ್ಮಾಪಕಿ ಪೆನ್ನಿಗೆ ಮುಚ್ಚಳ ಹಾಕಿದಳು. “ಸರ್, ಇನ್ನೊಂದು ವರ್ಷ ನೀವೇ ಬರೀರಿ.”

ಮೆಟ್ಟಿಲಿಳಿಯುವಾಗ ಅವನಿಗೆ ಕಾಲು ನೆಲದ ಮೇಲಿರಲಿಲ್ಲ. “ಯಾವ ಜೋಕಿಗೆ ನಕ್ಕೆ? ಆ ಬೀಗದ ಜೋಕಿಗಾ?”

“ಯಾವ ಬೀಗ ರೀ?” ಅವಳು ಕಣ್ಣೊರೆಸಿಕೊಂಡಳು. “ಅವರು ಮಾತಾಡ್ತಿದ್ರೆ ನೀವೂ ನಿಂತಲ್ಲೇ ಸದ್ದಿಲ್ಲದೆ ಅದೇ ಮಾತಿಗೆ ತುಟಿ ಆಡಿಸ್ತೀರಲ್ಲ! ಆ ಸೊಸೆ ಅಳುವಾಗ ನಿಮ್ಮ ತುಟಿ ನೋಡಬೇಕಿತ್ತು!”

ಅವನು ಅಲ್ಲೇ ನಿಂತ. “ಹಾಗಾದ್ರೆ... ಮೊದಲನೇ ದಿನ?”

“ಅವತ್ತೂ ಅದಕ್ಕೇ. ಮನೇಲಿ ಟೀವಿ ಮುಂದೆ ಕೂತಾಗಲೂ ಮಾಡ್ತೀರಿ. ನಾನು ಅಡುಗೆಮನೆಗೆ ಹೋಗಿ ನಕ್ಕು ಬರ್ತೀನಿ.”

“ಇಷ್ಟು ವರ್ಷ ಯಾಕೆ ಹೇಳಲಿಲ್ಲ?”

ಅವಳು ಅವನ ಕಾಲರ್ ಸರಿಮಾಡಿದಳು.

“ಹೇಳಿದ್ರೆ ನಿಲ್ಲಿಸಿಬಿಡ್ತಿದ್ರಿ. ಆಮೇಲೆ ನಾನು ಯಾವುದಕ್ಕೆ ನಗಬೇಕಿತ್ತು?”