ಹಸಿದವರ ದರ

ಆಲ್ಪ್ಸ್ ಬೆಟ್ಟಗಳ ನಡುವಿನ ಆ ಪುಟ್ಟ ದೇಶದಲ್ಲಿ ಹಿಟ್ಟು ಕೊಳ್ಳಲು ಹೊರಟವರು ಮೊದಲು ಹೊಟ್ಟೆ ತುಂಬ ಉಂಡು ಹೊರಡುತ್ತಿದ್ದರು. ಅಂಗಡಿಯ ತಕ್ಕಡಿಯ ಮೇಲೆ ಅಂಗೈ ಇಟ್ಟರೆ ಅದು ಹಸಿವನ್ನು ಅಳೆದು ದರ ತೋರಿಸುತ್ತಿತ್ತು. ಹಸಿವು ಹೆಚ್ಚಿದಷ್ಟೂ ದರ ಹೆಚ್ಚು. ನಿನ್ನೆಯಿಂದ ಮನೆಯಲ್ಲಿ ಹಿಟ್ಟಿಲ್ಲದ ಮಾರ್ಯೆತಾ ಹೊಟ್ಟೆ ತುಂಬ ಬಿಸಿನೀರು ಕುಡಿದು ಬಂದು ಸಾಲಿನಲ್ಲಿ ನಿಂತಿದ್ದಳು.

ಅವಳ ಮುಂದಿದ್ದ ದಡೂತಿ ಮನುಷ್ಯ ತೇಗುತ್ತಾ ಅಂಗೈ ಇಟ್ಟ. ನಾಯಿಗೆ ಬಿಸ್ಕತ್ತು ಮಾಡಿಸಲೆಂದು ಒಂದು ಮೂಟೆ ಹಿಟ್ಟು ಅವನಿಗೆ ಅಗ್ಗದಲ್ಲಿ ಸಿಕ್ಕಿತು. ಮಾರ್ಯೆತಾಳ ಸರದಿ ಬಂದಾಗ ತಕ್ಕಡಿ ಬಿಸಿನೀರಿಗೆ ಮೋಸಹೋಗಲಿಲ್ಲ. ನಾಲ್ಕು ಪಟ್ಟು ದರ ತೋರಿಸಿತು.

"ಊಟ ಮಾಡ್ಕೊಂಡು ಬರಬಾರದಿತ್ತೇನಮ್ಮಾ?" ಎಂದ ಅಂಗಡಿಯಾತ.

"ಊಟ ಮಾಡೋಕೇ ತಾನೇ ಹಿಟ್ಟು ಕೇಳ್ತಿರೋದು! ನಾಚಿಕೆ ಆಗಲ್ವಾ ನಿಮಗೆ? ಅವರ ನಾಯಿಗೆ ಅಗ್ಗ, ನನ್ನ ಮಕ್ಕಳಿಗೆ ಚಿನ್ನದ ರೇಟು!"

"ದರ ನಾನಿಟ್ಟಿದ್ದಲ್ಲಮ್ಮಾ, ಮಾರ್ಕೆಟ್ಟಿನದು."

"ಹಿಟ್ಟಿನ ಮಧ್ಯೆ ಕೂತವರಿಗೆ ಹಸಿವೇನು ಗೊತ್ತು? ಇಡಿ, ನೀವೂ ಇಡಿ ಕೈ!" ಎಂದು ಅವನ ಹಿಟ್ಟು ಮೆತ್ತಿದ ಕೈಯನ್ನು ಹಿಡಿದೆಳೆದು ತಕ್ಕಡಿಗೆ ಒತ್ತಿದಳು.

ದರ ಅವಳದ್ದನ್ನೂ ದಾಟಿ ಏರಿತು. ಅಂಗಡಿಯಾತ ಕೈ ಕೊಸರಿಕೊಂಡು, ಅವಳ ಮುಖ ನೋಡದೆ, "ಮುಂದಿನವರು ಬನ್ನಿ" ಎಂದ.