ಎದುರು ಕೂತವಳು

ಹುಲಿಗೆವ್ವ ಅಂಗೈಗೆ ಕೊಬ್ಬರಿ ಎಣ್ಣೆ ಹಾಕಿಕೊಂಡು ಮಾತಿಲ್ಲದೆ ಕೆಂಪು ಬಣ್ಣ ಕಲಸಿದಳು. ಎದುರಿಗೆ ನಾಟಕ ಕಂಪನಿಯ ನಾಯಕಿ ಸೋನಾಬಾಯಿ ಕೂತಿದ್ದಳು. ಒಂಬತ್ತು ವರ್ಷದ ಹಿಂದೆ ಒಂದು ಬೆಳಿಗ್ಗೆ ಎಲ್ಲರ ಮನೆಯಿಂದಲೂ ಕನ್ನಡಿಗಳು ಮಾಯವಾದ ಮೇಲೆ, ಹುಲಿಗೆವ್ವನೇ ಅವಳ ಕನ್ನಡಿ. ಕನ್ನಡಿಯಾದವಳು ಮಾತಾಡಬಾರದು, ಬಣ್ಣ ತಪ್ಪಿದ ಜಾಗವನ್ನು ತನ್ನ ಮುಖದ ಮೇಲೆ ಮುಟ್ಟಿ ತೋರಿಸಬೇಕು.

"ಕನ್ನಡಿ ಆದ ಮ್ಯಾಲ ಛತ್ರಿ ಹೋದ್ವು, ಕೀಲಿ ಹೋದ್ವು, ಈ ವಾರ ಬಾಚಣಿಕಿ," ಅಂದಳು ಸೋನಾಬಾಯಿ, ಬೆರಳಿನಿಂದ ಕೂದಲ ಸಿಕ್ಕು ಬಿಡಿಸಿಕೊಳ್ಳುತ್ತ. "ಹೋಗ್ಲಿ ಬಿಡ. ಛತ್ರಿ ಇದ್ದಾಗೂ ನಮ್ಮ ಮಾಲಕ ತನ್ನ ತಲಿಗಷ್ಟ ಹಿಡಕೋತಿದ್ದ."

ಗೂಟದ ಮೇಲೆ ಎರಡು ಸೀರೆ ತೂಗುತ್ತಿದ್ದವು. ಮದುಮಗಳದು ಹಸಿರು, ಅತ್ತೆಯದು ಬೂದಿ ಬಣ್ಣ. ಇವತ್ತಿನಿಂದ ಯಾವ ಪಾತ್ರ ಮಾಡುತ್ತೀ ನೀನೇ ಹೇಳು ಎಂದು ಮಾಲೀಕ ಬೆಳಿಗ್ಗೆ ಸೋನಾಬಾಯಿಗೇ ಬಿಟ್ಟಿದ್ದ.

"ನನ್ನ ಮುಖ ನಾ ನೋಡಿ ಒಂಬತ್ತು ವರ್ಷ ಆತು. ಖರೇ ತೋರ್ಸವಾ, ನಾ ಇನ್ನೂ ಮದುಮಗಳು ಆಗ್ತೀನೇನು?"

ಹುಲಿಗೆವ್ವ ಒಂದು ದಿನವೂ ಸುಳ್ಳು ತೋರಿಸಿದವಳಲ್ಲ. ತನ್ನ ಕಣ್ಣಂಚಿನಲ್ಲಿ ಕಾಡಿಗೆಯಿಂದ ಮೂರು ಗೆರೆ ಎಳೆದು, ಕಿವಿಯ ಮೇಲಿನ ಕೂದಲಿಗೆ ಬಿಳಿ ಪುಡಿ ಸವರಿದಳು.

ಸೋನಾಬಾಯಿ ಮುಂದೆ ಬಾಗಿ ತುಂಬ ಹೊತ್ತು ನೋಡಿದಳು.

"ಮೂರ ಗೆರಿ ಏನು? ನಾ ಹತ್ತು ಇದ್ದಾವಂತ ಅಂಜಿದ್ದೆ!" ಅವಳ ಮುಖವೆಲ್ಲ ನಗುವಾಯಿತು. "ಭಾಳ ಛಲೋ ಅತ್ತಿ ಆಗ್ತೀನಿ ನೋಡು. ಆ ಬೂದಿ ಬಣ್ಣದ ಸೀರಿ ಕೊಡವಾ."

ಹುಲಿಗೆವ್ವ ಏಳಲೂ ಇಲ್ಲ, ಹೂಂ ಅನ್ನಲೂ ಇಲ್ಲ. ಎದುರಿನ ಮುಖ ನಗುತ್ತಿರುವ ತನಕ ಕನ್ನಡಿಯೂ ನಗುತ್ತ ಕೂತಿರಬೇಕು.