ಹಾಡಿದವರ ಹೆಸರು

"ಇದ್ರಾಗೆ ಏನೂ ಇಲ್ಲವ್ವಾ," ಎಂದ ದುರುಗೇಶ. ಕಾರಿನ ಸ್ಟೀರಿಯೊದ ಪುಟ್ಟ ಪರದೆಯ ಮೇಲೆ 'ನೋ ಫೈಲ್' ಎಂದು ಮತ್ತೆ ಮತ್ತೆ ಬರುತ್ತಿತ್ತು.

"ಏನೂ ಇಲ್ಲ ಅಂದ್ರೆ? ಅವರು ಅದಾರಲ್ಲೋ ಅದ್ರಾಗೆ!" ಮುಂದಿನ ಸೀಟಿನಲ್ಲಿ ಕೂತಿದ್ದ ತಾಯಿ ಭೀಮಕ್ಕ ಪರದೆಯತ್ತ ಬಗ್ಗಿದಳು.

ಕಾರು ನಿಂತಿದ್ದದ್ದು ಜಗಳೂರು ಬಸ್ ಸ್ಟ್ಯಾಂಡಿನ ಎದುರು, ಸುನಿತಾಳ ಮೊಬೈಲ್ ಅಂಗಡಿಯ ಮುಂದೆಯೇ. ಪೆನ್ ಡ್ರೈವ್ ತುಂಬಿಕೊಟ್ಟವಳೂ ಅವಳೇ. ಸುತ್ತಲಿನ ಟ್ರ್ಯಾಕ್ಟರು, ಗೂಡ್ಸ್ ಗಾಡಿಗಳೆಲ್ಲ ತನ್ನಿಂದಲೇ ಹಾಡುತ್ತವೆ ಎಂದು ಮೆರೆಯುತ್ತಿದ್ದವಳ ಮುಖ ಸಪ್ಪಗಾಯಿತು. ಹೊರಗೆ ಬಂದು ನೋಡಿದ ಮೇಲೆ ತಪ್ಪು ಹೊಳೆಯಿತು. ಬೆಳಿಗ್ಗೆ ಗಿರಾಕಿಗಳ ಗಲಾಟೆಯಲ್ಲಿ ಭೀಮಕ್ಕನ ಹಳೇ ಫೋನಿನಲ್ಲಿದ್ದ ಹಾಡುಗಳನ್ನು ಇದ್ದ ಹಾಗೇ ತುಂಬಿಬಿಟ್ಟಿದ್ದಳು. ಗುಂಡಿ ಒತ್ತುವ ಫೋನಿನ ರೆಕಾರ್ಡಿಂಗು ಕಾರಿನ ಈ ಸೆಟ್ಟಿನ ತಲೆಗೆ ಹತ್ತುವುದಿಲ್ಲ. ಅದನ್ನು ಎಂಪಿ ತ್ರೀ ಮಾಡಿ ಕೊಡಬೇಕು.

"ಪದ ಎಲ್ಲೂ ಹೋಗಿಲ್ಲಮ್ಮಾ, ಒಳಗೇ ಅದಾವೆ. ಕಾರಿಗೆ ತಿಳಿಯಂಗೆ ಮಾಡಿಕೊಡ್ತೀನಿ, ಬರ್ರಿ."

ದುರುಗೇಶ ಟೈರಿಗೆ ಗಾಳಿ ಹಾಕಿಸಿಕೊಂಡು ಬರಲು ಹೋದ. ಭೀಮಕ್ಕ ಸ್ಟೂಲಿನ ಮೇಲೆ ಕೂತು, ಆಪರೇಷನ್ ಕೋಣೆಯ ಬಾಗಿಲು ನೋಡುವವರಂತೆ ಕಂಪ್ಯೂಟರನ್ನೇ ನೋಡತೊಡಗಿದಳು. ಅವಳ ಗಂಡ ಕೋಲಾಟದ ಪದ ಹೇಳುವುದರಲ್ಲಿ ಊರಿಗೇ ಮುಂದು. ಮಗ ಕಾರು ತಂದರೆ ಮುಂದಿನ ಸೀಟು ನನ್ನದು ಎಂದು ಕೇರಿಗೆಲ್ಲ ಸಾರಿಕೊಂಡು ಓಡಾಡಿದವನು, ಕಾರು ಬರುವ ಮೊದಲೇ ಹೋಗಿಬಿಟ್ಟ. ಇವತ್ತು ಗಾಡಿ ಪೂಜೆಗೆ ಹೊರಟಿದ್ದಾರೆ. ಈ ಮೊದಲ ಸವಾರಿಯಲ್ಲಿ ಅವನ ದನಿಯಾದರೂ ಜೊತೆಗಿರಲಿ ಎಂಬುದೊಂದೇ ಅವಳ ಆಸೆ. ಅದನ್ನೂ ತಾನು ಕೆಡಿಸುತ್ತಿದ್ದೆನಲ್ಲ ಎಂದು ಸುನಿತಾಗೆ ಸಂಕಟವಾಯಿತು.

ಕಿವಿಗೆ ಹೆಡ್‌ಫೋನ್ ಸಿಕ್ಕಿಸಿಕೊಂಡು ಒಂದೊಂದನ್ನೇ ಕೇಳುತ್ತ ಬದಲಾಯಿಸಿದಳು.

"ಅಮ್ಮಾ, ಪದಕ್ಕಿಂತ ಮುಂಚೆ ಕೆಮ್ಮು, ಮಾತು ಎಲ್ಲಾ ಐತೆ. ಕಟ್ ಮಾಡಿದ್ರೆ ಚೆಂದಾಗಿರ್ತೈತೆ ನೋಡ್ರಿ."

"ಬ್ಯಾಡವ್ವ, ಬ್ಯಾಡ. ಇರ್ಲಿ ಅದೂ."

"ಆತು ಬಿಡ್ರಿ. ಹಾಡಿದೋರ ಹೆಸರು ಹೇಳ್ರಿ, ಗಾಡಿಯಾಗೆ ಕಾಣಂಗೆ ಹಾಕ್ತೀನಿ."

"ಅವರೇ ಕಣವ್ವ."

"ಅವರು ಅಂದ್ರೆ?"

"ನಮ್ಮ ಮನೆಯವರು."

"ಅದು ಗೊತ್ತೈತಮ್ಮಾ. ಹೆಸರು?"

ಭೀಮಕ್ಕ ಸೆರಗನ್ನು ಬಾಯಿಗೆ ಒತ್ತಿಕೊಂಡು ಮದುವಣಗಿತ್ತಿಯ ಹಾಗೆ ತಲೆ ತಗ್ಗಿಸಿದಳು. "ದುರುಗೇಶ ಬರ್ತಾನಲ್ಲ, ಅವನ್ನ ಕೇಳು."

ರೇಷನ್ ಅಂಗಡಿಯಲ್ಲೂ ಗಂಡನ ಹೆಸರನ್ನು ಪಕ್ಕದವರ ಬಾಯಿಂದ ಹೇಳಿಸಿದ ಹೆಂಗಸು, ಇಲ್ಲಿ ಹೇಳಿಬಿಡುತ್ತಾಳೆಯೇ? ಸುನಿತಾ ನಗುತ್ತ, ಆಮೇಲೆ ತಿದ್ದಿದರಾಯಿತೆಂದು, ಸದ್ಯಕ್ಕೆ 'ಅವರು' ಎಂದೇ ಟೈಪ್ ಮಾಡಿದಳು. ಕನ್ನಡ ಅಕ್ಷರ ಹಾಕಿದರೆ ಆ ಸೆಟ್ಟು ಬರೀ ಡಬ್ಬಿ ಡಬ್ಬಿ ತೋರಿಸುತ್ತದೆಂದು ಇಂಗ್ಲಿಷ್ ಅಕ್ಷರದಲ್ಲೇ ಹಾಕಿದಳು. ಅಷ್ಟರಲ್ಲಿ ರೀಚಾರ್ಜಿಗೆ ಇಬ್ಬರು ಬಂದರು, ಹೊರಗೆ ದುರುಗೇಶ ಹಾರ್ನ್ ಹೊಡೆದ. ತಿದ್ದುವುದು ಮರೆತೇಹೋಯಿತು.

ಈ ಸಲ ಎಡವಟ್ಟಾಗಬಾರದೆಂದು ಸುನಿತಾ ತಾನೇ ಕಾರಿನ ತನಕ ಬಂದು, ಭೀಮಕ್ಕ ಮುಂದಿನ ಸೀಟಿನಲ್ಲಿ ಕೂತ ಮೇಲೆ ಪೆನ್ ಡ್ರೈವ್ ಸಿಕ್ಕಿಸಿದಳು. ಪರದೆ ಬೆಳಗಿತು. ದುರುಗೇಶ ಬಗ್ಗಿ ಅಕ್ಷರ ಕೂಡಿಸಿ ಓದಿದ.

"ಅ... ವ... ರು. ಇದೇನು ಸುನಿತಕ್ಕಾ, ಅವರು ಅಂತ ಬಂದೈತೆ? ನಮ್ಮಪ್ಪನ ಹೆಸರು ಚಿತ್ತಪ್ಪ!"

ಸುನಿತಾ ನಾಲಿಗೆ ಕಚ್ಚಿಕೊಂಡಳು. "ತಪ್ಪಾತಣ್ಣ. ಕೊಡ್ರಿಲ್ಲಿ, ಈಗ್ಲೇ ಸರಿ ಮಾಡ್ತೀನಿ."

ಅವಳು ಕೈ ಚಾಚುವಷ್ಟರಲ್ಲಿ ಭೀಮಕ್ಕ ಪೆನ್ ಡ್ರೈವಿಗೆ ಅಂಗೈ ಅಡ್ಡ ಇಟ್ಟಳು. "ಏನಂತ ಬರೆದೈತೆ ಅಂದೆ?"

"ಅವರು ಅಂತ, ಅವ್ವಾ."

ಭೀಮಕ್ಕ ಪರದೆಯ ಮೇಲಿನ ಆ ಅಕ್ಷರಗಳನ್ನು ಬೆರಳಿನಿಂದ ಸವರಿದಳು. "ಇರ್ಲಿ ಬಿಡ್ರಿ. ಓದಾಕೆ ಬಂದಿದ್ರೂ ನಾನು ಹಂಗೇ ಓದ್ತಿದ್ದೆ."

ಸ್ಪೀಕರಿನಲ್ಲಿ ಗರಗರ ಸದ್ದಾಯಿತು. ಆಮೇಲೆ ಕೆಮ್ಮು. ಆಮೇಲೆ ಗಡಸು ದನಿಯೊಂದು ಕಾರಿನ ತುಂಬ ಕೇಳಿಸಿತು:

"ಏ ಇವಳೇ, ಒಂದೀಟು ನೀರು ತಗಂಬಾರೇ."

"ಬಂದೆ, ತಡೀರಿ," ಎಂದಳು ಭೀಮಕ್ಕ. ಅವಳ ಕೈ ಆಗಲೇ ಕಾಲ ಬಳಿ ಇದ್ದ ನೀರಿನ ಬಾಟ್ಲಿಯ ಮುಚ್ಚಳ ತಿರುಗಿಸುತ್ತಿತ್ತು.